ಅಕ್ಕನ ಮನೆಗೆ ಬರುತ್ತಿದ್ದ ಫೋನು

ರಿಸೀವರನ್ನು ಎಡಗಿವಿಗೂ ಹೆಗಲಿಗೂ ನಡುವೆ ಸಿಕ್ಕಿಸಿಕೊಂಡು, ಎರಡೂ ಕೈಯಲ್ಲಿ ಅವರೆಕಾಳು ಹಿಸುಕುತ್ತ ಮಾತಾಡುವುದು ಅಕ್ಕನ ಅಭ್ಯಾಸ. ಆ ಕಿವಿ ಸದಾ ಕೆಂಪಗಿರುತ್ತಿತ್ತು. ಅಕ್ಕ ಎಂದರೆ ನನ್ನ ವಾರಗಿತ್ತಿ, ನಮ್ಮ ಯಜಮಾನರ ಅಣ್ಣನ ಹೆಂಡತಿ. ಕೃಷ್ಣಮೂರ್ತಿಪುರಂನಲ್ಲಿ ನಮ್ಮದೂ ಅವರದೂ ಒಂದೇ ರಸ್ತೆ. ಅವರಿಗೆ ಮಕ್ಕಳಿರಲಿಲ್ಲ. ಯಾರು ಏನು ಹೇಳಿಕೊಂಡರೂ “ಹೂಂ, ಆಮೇಲೆ?” ಎನ್ನುವರು, ಅಷ್ಟೇ. ನಾನಾದರೋ ಅರ್ಧ ಕೇಳುವಷ್ಟರಲ್ಲಿ ಬುದ್ಧಿ ಹೇಳಿ ಮುಗಿಸಿರುತ್ತಿದ್ದೆ.

ಮಗಳನ್ನು ಹಾಸನಕ್ಕೆ ಕೊಟ್ಟಿದ್ದೆವು. ನನಗೆ ಅವಳ ಫೋನ್ ಭಾನುವಾರ ಮಾತ್ರ. ಊಟ ಆಯಿತಾ, ಅಪ್ಪನ ಬಿಪಿ ಹೇಗಿದೆ, ಮುಗಿಯಿತು. ದೊಡ್ಡಮ್ಮನಿಗೆ ದಿನಾ ಸಂಜೆ. ಒಮ್ಮೆ ಹೆಪ್ಪು ಕೇಳುವ ನೆಪದಲ್ಲಿ ಹೋದಾಗ ಅಕ್ಕ ನನ್ನನ್ನು ಕಂಡು ದನಿ ತಗ್ಗಿಸಿದರು. ಹೆತ್ತವಳು ನಾನು, ಗುಟ್ಟು ಅವರಿಗೆ. ಹೊಟ್ಟೆ ಉರಿದುಹೋಯಿತು. ಒಂದು ವಾರ ಅವರ ಹೊಸಿಲು ತುಳಿಯಲಿಲ್ಲ.

ಹೃದಯದ ಆಪರೇಷನ್‌ಗೆ ಆಸ್ಪತ್ರೆ ಸೇರುವ ದಿನ ಬೆಳಿಗ್ಗೆ ಅಕ್ಕ ನನ್ನನ್ನು ಕರೆಸಿದರು. ಆ ವಿಷಯ ಮಗಳಿಗೆ ತಿಳಿಸಿರಲಿಲ್ಲವಂತೆ. ಕ್ಯಾಲೆಂಡರಿನ ಹಿಂದೆ ಬರೆದಿಟ್ಟುಕೊಂಡಿದ್ದ ಕೋಡ್ ನೋಡುತ್ತ ಫೋನಿನ ಒಂದೊಂದೇ ಗುಂಡಿ ಒತ್ತಿದರು, ಕೊನೆಗೆ ನನ್ನ ಮೊಬೈಲ್ ನಂಬರು. ಇನ್ನು ಈ ಮನೆಗೆ ಬರುವ ಕರೆಯೆಲ್ಲ ನಿನಗೇ ಬರುತ್ತದೆ ಎಂದರು.

“ಸಂಜೆ ಅವಳು ಮಾಡ್ತಾಳೆ. ಬೈಬೇಡ ಕಣೆ. ಪೂರ್ತಿ ಕೇಳ್ಬುಡು.”

ಆರು ಗಂಟೆಗೆ ಮೊಬೈಲ್ ಬಡಿದುಕೊಂಡಿತು. ನಾನು ಹಲೋ ಎನ್ನುವ ಮೊದಲೇ ಮಗಳ ದನಿ:

“ದೊಡ್ಡಮ್ಮಾ, ಡಾಕ್ಟರ್ ನೋಡಿದ್ರು. ಇನ್ನೇನೂ ತೊಂದ್ರೆ ಇಲ್ವಂತೆ. ಮತ್ತೆ ಮಗು ಆಗುತ್ತೆ ಅಂದ್ರು.”

ಮತ್ತೆ ಎಂದರೆ? ಇಷ್ಟು ದೊಡ್ಡ ಸಂಗತಿಯನ್ನು ನನ್ನಿಂದ ಮುಚ್ಚಿಟ್ಟೆಯಾ ಎಂಬ ಮಾತು ನಾಲಿಗೆಯ ತುದಿಗೆ ಬಂದಿತ್ತು. ನುಂಗಿಕೊಂಡೆ.

“ನಾನು ಕಣಮ್ಮ, ಅಮ್ಮ. ಹೇಳು.”

 ಅವಳು ಫೋನ್ ಇಡಲಿಲ್ಲ. ಮೂರು ತಿಂಗಳಿಗೆ ಗರ್ಭ ಇಳಿದುಹೋದದ್ದನ್ನೂ, ಓಡಾಟ ಜಾಸ್ತಿ ಮಾಡಿದೆ ಎಂದು ನಾನು ಬೈಯುತ್ತೇನೆಂದು ಹೆದರಿದ್ದನ್ನೂ ಅಳುತ್ತಲೇ ಹೇಳಿದಳು. ನಾನೂ ಅತ್ತೆ. ಬುದ್ಧಿ ಹೇಳಲಿಲ್ಲ.

ಅಕ್ಕ ಗುಣವಾಗಿ ಬಂದು ಫೋನನ್ನು ಮೊದಲಿನಂತೆ ಮಾಡಿಕೊಂಡರು. ಮಗಳು ಆಗಿನಿಂದ ಇಬ್ಬರಿಗೂ ಮಾಡತೊಡಗಿದಳು. ಅವರ ಹತ್ತಿರ ಎಷ್ಟು ಹೊತ್ತು ಮಾತಾಡಿದಳು, ನನ್ನ ಹತ್ತಿರ ಎಷ್ಟು ಎಂದು ಹೋಲಿಸುವುದನ್ನು ಮಾತ್ರ ನಾನು ಬಿಡಲಿಲ್ಲ.

ಎರಡು ವರ್ಷದ ಮೇಲೆ ಅಕ್ಕ ತೀರಿಕೊಂಡರು. ಮಗಳು ಎಳೆಗೂಸನ್ನು ನನ್ನ ಕೈಗಿತ್ತು, ಅವರ ಪಾದ ಹಿಡಿದುಕೊಂಡು ಬಿಕ್ಕಿ ಬಿಕ್ಕಿ ಅತ್ತಳು. ನಾನು ಸತ್ತಾಗ ಇವಳು ಹೀಗೆ ಅಳುತ್ತಾಳೆಯೇ ಎಂದುಕೊಂಡೆ, ಮಗಳನ್ನು ನನಗೆ ಮರಳಿಸಿದವರ ಮುಂದೆಯೇ ಕೂತು.