ಲಾಳಿಯ ಗುರುತಿಲ್ಲದ ಹೇಳಿಕೆ

ದೆವ್ವ, ಗಾಳಿ, ಮೈಮೇಲೆ ಬರುವುದು ಇವುಗಳ ಮಾತು ಬಂದಾಗ ನಾನು ಮೊದಲಿನಿಂದಲೂ ನಗುವವರ ಸಾಲಿನವನು. ಅಂಜಿದವರ ಕಣ್ಣಿಗೆ ಹಗ್ಗವೂ ಹಾವೇ ಅನ್ನುವುದು ನನ್ನ ಮತ. ಈಗಲೂ ಬಹುಮಟ್ಟಿಗೆ ಹಾಗೇ ಇದ್ದೇನೆ. ಆದರೆ ಒಂದು ಮಧ್ಯಾಹ್ನದ ಸಂಗತಿ ಮಾತ್ರ ನನ್ನ ತಿಳಿವಳಿಕೆಗೆ ಸಿಗದೆ ಉಳಿದಿದೆ. ನೀವು ನಂಬಲೇಬೇಕೆಂಬ ಹಟ ನನಗಿಲ್ಲ. ನಡೆದದ್ದನ್ನು ನಡೆದ ಹಾಗೆ ಹೇಳುತ್ತೇನೆ.

ಆಗ ನಮ್ಮ ಭಾಗ ಮುಂಬೈ ರಾಜ್ಯದಲ್ಲಿತ್ತು. ಸಂಸ್ಥಾನಗಳು ವಿಲೀನವಾಗಿ ಕೆಲವು ವರ್ಷಗಳಾಗಿದ್ದವು. ಅದಕ್ಕೂ ಮುಂಚೆ ನಮ್ಮ ಕಡೆ ಒಂದು ಹೊಲ ದಾಟಿದರೆ ರಾಜ ಬದಲಾಗುತ್ತಿದ್ದ. ನಾನು ಜಮಖಂಡಿಯಲ್ಲಿ ಸರ್ಕಾರಿ ಕಾರಕೂನನಾಗಿದ್ದೆ. ನಮ್ಮದು ಪುರೋಹಿತರ ಮನೆ. ದೇವರಿಗೆ ಸಂಸ್ಕೃತ, ಲೆಕ್ಕಕ್ಕೆ ಮರಾಠಿ, ಜಗಳಕ್ಕೆ ಕನ್ನಡ. ಅಜ್ಜನ ಬೆತ್ತದ ಕೃಪೆಯಿಂದ ನನಗೆ ಮೋಡಿ ಲಿಪಿ ಓದಲು ಬರುತ್ತಿತ್ತು. ಮೋಡಿ ಅಂದರೆ ಮರಾಠಿಯನ್ನು ಕೈ ಎತ್ತದೆ ಓಡಿಸಿ ಬರೆಯುವ ಹಳೆಯ ಬರವಣಿಗೆ. ಪದಗಳ ನಡುವೆ ಜಾಗವಿರುವುದಿಲ್ಲ. ಕಣ್ಣಿಗೆ ಬರೀ ಸುರುಳಿ. ಬಾಯಿಬಿಟ್ಟು ಓದಿದರೇ ಅರ್ಥ ಹತ್ತುವುದು.

ಈ ವಿದ್ಯೆಯಿಂದಾಗಿ ಹಳೆಯ ಒಂದು ಸಂಸ್ಥಾನದ ದಫ್ತರ ನನ್ನ ಕುತ್ತಿಗೆಗೆ ಬಿತ್ತು. ಯಾವ ಸಂಸ್ಥಾನ ಎಂಬುದು ಇಲ್ಲಿ ಬೇಡ. ಹಾಳುಬಿದ್ದ ವಾಡೆಯ ಒಂದು ಉದ್ದನೆಯ ಕೋಣೆಯಲ್ಲಿ ಕಾಗದಗಳನ್ನು ಕೆಂಪು ಅರಿವೆಯ ಗಂಟುಗಳಲ್ಲಿ ಕಟ್ಟಿ, ನೆಲದಿಂದ ತೊಲೆಯವರೆಗೆ ಪೇರಿಸಿದ್ದರು. ರಾಜ್ಯಗಳನ್ನು ಭಾಷೆಯ ಮೇಲೆ ಒಡೆಯುತ್ತಾರೆಂಬ ಸುದ್ದಿ ಎಲ್ಲ ಕಡೆ ಹಬ್ಬಿದ್ದ ಕಾಲ ಅದು. ಅಲ್ಲಿಯವರೆಗೆ ಇಲಿಗಳ ಹೊರತು ಯಾರಿಗೂ ಬೇಡವಾಗಿದ್ದ ದಫ್ತರದ ಮೇಲೆ ಇಬ್ಬರಿಗೆ ಒಮ್ಮೆಲೇ ಪ್ರೀತಿ ಹುಟ್ಟಿತು. ಒಬ್ಬರು ಪುಣೆಯಿಂದ ಬಂದ ಅಧಿಕಾರಿ, ನಾವು ರಾವಸಾಹೇಬ ಅನ್ನುತ್ತಿದ್ದವರು. ಎಲ್ಲವೂ ಪುಣೆಗೆ ಹೋಗಬೇಕೆಂದು ಅವರ ವಾದ. ಇನ್ನೊಬ್ಬರು ಏಕೀಕರಣದ ಸಭೆಗಳಲ್ಲಿ ಗಂಟಲು ಹರಿಯುವಂತೆ ಮಾತಾಡುತ್ತಿದ್ದ ಊರ ವಕೀಲರು. ನಮ್ಮ ನೆಲದ ಕಾಗದ ಇಲ್ಲೇ ಇರಬೇಕೆಂದು ಅವರ ವಾದ.

ಕೊನೆಗೆ ವಕೀಲರೇ ದಾರಿ ತೆಗೆದರು. “ಮೋಡಿ ಕಾಗದ ಒಯ್ಯಲಿ ಬಿಡ್ರಿ. ನಾಳೆ ಅವನ್ನ ತೋರಿಸಿ ಇದು ಮರಾಠಿ ಮುಲುಕು ಅಂತ ವಾದ ಹೂಡ್ತಾರ. ಪೀಡಾ ಹೋಗ್ಲಿ. ಕನ್ನಡದ್ದು ಅಷ್ಟ ಇಲ್ಲಿರ್ಲಿ.” ರಾವಸಾಹೇಬರಿಗೂ ಅದು ಒಪ್ಪಿಗೆಯಾಯಿತು. ಮೋಡಿ ಲಿಪಿ ಕಂಡರೆ ಪುಣೆಗೆ, ಕನ್ನಡ ಅಕ್ಷರ ಕಂಡರೆ ಇಲ್ಲಿ. ಅಕ್ಷರ ಯಾವುದೋ ಒಳಗಿನ ಮಾತೂ ಅದೇ ಎಂದು ಇಬ್ಬರೂ ತಿಳಿದಿದ್ದರು. ಖರೆ ಹೇಳಬೇಕೆಂದರೆ ನಾನೂ ಹಾಗೇ ತಿಳಿದಿದ್ದೆ. ಇಬ್ಬರ ಜಗಳದಲ್ಲಿ ಮೂರನೆಯವನಿಗೆ ಲಾಭ ಅನ್ನುತ್ತಾರೆ. ನನಗೆ ಸಿಕ್ಕಿದ್ದು ಧೂಳು ಮತ್ತು ಕೆಮ್ಮು.

ಆ ದಿನಗಳಲ್ಲೇ ರಬಕವಿಯಿಂದ ಮಲ್ಲಪ್ಪ ಎಂಬ ನೇಕಾರ ಬರತೊಡಗಿದ. ನನಗಿಂತ ಹಿರಿಯ, ಕಡಿಮೆ ಮಾತಿನ ಮನುಷ್ಯ. ಅವನು ಕೈಗೂಸಾಗಿದ್ದಾಗ ಸಂಸ್ಥಾನ ಮಗ್ಗಗಳ ಮೇಲೆ ಹೊಸ ತೆರಿಗೆ ಹೇರಿತ್ತು. ಅದನ್ನು ಕೊಡಬೇಡಿ ಎಂದು ಓಣಿಯನ್ನೆಲ್ಲ ಎಬ್ಬಿಸಿದವನು ಅವನ ತಂದೆ ಗುರುಸಿದ್ದಪ್ಪ. ಸ್ವಲ್ಪ ದಿನಕ್ಕೆ ಸಂಸ್ಥಾನದ ವಖಾರದಲ್ಲಿ, ಅಂದರೆ ಉಗ್ರಾಣದಲ್ಲಿ, ನೂಲು ಕಳುವಾಯಿತು. ಗುರುಸಿದ್ದಪ್ಪ ತಪ್ಪೊಪ್ಪಿಕೊಂಡಿದ್ದಾನೆ ಎಂದು ಡಂಗುರ ಸಾರಿ ಅವನನ್ನು ಗಡಿಪಾರು ಮಾಡಿದರು. ಅವನು ಇಂಗ್ರಜಿ ಹದ್ದಿನ, ಅಂದರೆ ಬ್ರಿಟಿಷರ ಆಡಳಿತಕ್ಕೆ ಸೇರಿದ, ಅನಗವಾಡಿಯಲ್ಲಿ ಯಾರದೋ ಮಗ್ಗದ ಮೇಲೆ ಕೂಲಿ ನೇಯ್ದು ಅಲ್ಲೇ ತೀರಿಕೊಂಡ. ಮಗ ಅವನನ್ನು ಮತ್ತೆ ನೋಡಲಿಲ್ಲ.

“ಇನ್ನೂ ನಮ್ಮ ಮನಿಗೆ ನೂಲಗಳ್ಳರ ಮನಿ ಅಂತಾರ್ರಿ,” ಎಂದ ಮಲ್ಲಪ್ಪ. “ಮಗಳಿಗೆ ಗಂಡು ನೋಡಾಕತ್ತೇನಿ. ಬಂದವರು ನೀರು ಕುಡದು ಎದ್ದು ಹೊಕ್ಕಾರ. ನಮ್ಮಪ್ಪ ಕಚೇರ್‍ಯಾಗ ಏನಂದಾನ ಅನ್ನೂದು ಅಷ್ಟ ನನಗ ಬೇಕ್ರಿ. ಒಪ್ಪಿದ್ರ ಒಪ್ಪ್ಯಾನ ಅಂತ ಹೇಳಿಬಿಡ್ರಿ, ಸುಮ್ಮನಾಗ್ತೇನಿ.”

ಇಲ್ಲಿ ಹಳೆಯ ಕಚೇರಿಯ ಒಂದು ಪದ್ಧತಿಯನ್ನು ಹೇಳಬೇಕು. ಯಾರದಾದರೂ ಹೇಳಿಕೆ ಬರೆದುಕೊಂಡ ಮೇಲೆ ಕಾರಕೂನ ಅದನ್ನು ಅವರ ಮುಂದೆ ಗಟ್ಟಿಯಾಗಿ ಓದಬೇಕಿತ್ತು. ಒಂದೊಂದು ಮಾತಿಗೂ ನಿಲ್ಲಿಸಬೇಕು. ಹೇಳಿದವರು “ಖರೆ ಐತ್ರಿ” ಅನ್ನಬೇಕು. ಎಲ್ಲ ಮುಗಿದ ಮೇಲೆ ಕೆಳಗೆ ತಮ್ಮ ಕೈಯಾರೆ ಕಸುಬಿನ ಗುರುತು ಬಿಡಿಸಬೇಕು. ರೈತನಾದರೆ ನೇಗಿಲು, ನೇಕಾರನಾದರೆ ಲಾಳಿ. ಅಜ್ಜ ನನಗೆ ಮೋಡಿ ಕಲಿಸಿದ್ದೂ ಹೀಗೇ, ಮಾತಿಗೊಮ್ಮೆ ನಿಲ್ಲಿಸಿ. ಆ ಚಾಳಿ ನನ್ನ ನಾಲಿಗೆಯಿಂದ ಇಂದಿಗೂ ಹೋಗಿಲ್ಲ.

ಅವತ್ತು ಊಟವಾದ ಮೇಲೆ ನಾನೊಬ್ಬನೇ ದಫ್ತರದಲ್ಲಿದ್ದೆ. ಜವಾನ ಚಹಾಕ್ಕೆ ಹೋಗಿದ್ದ. ಕಿಟಕಿಯಿಂದ ಬಿಸಿಲು ನೆಲದ ಮೇಲೆ ಚೆನ್ನಾಗಿ ಬಿದ್ದಿತ್ತು. ಪುಣೆಗೆಂದು ತೆಗೆದಿಟ್ಟ ಗಂಟೊಂದು ಸಡಿಲಾಗಿತ್ತು. ಬಿಗಿಯಾಗಿ ಕಟ್ಟೋಣವೆಂದು ಬಿಚ್ಚಿದೆ. ಮೇಲಿನ ಕಾಗದವನ್ನು ಅಭ್ಯಾಸದಂತೆ ಬಾಯಿಬಿಟ್ಟು ಓದಲು ಹೋದರೆ ನಾಲಿಗೆ ತಡವರಿಸಿತು. ಅಕ್ಷರ ಮೋಡಿ, ಮಾತು ಕನ್ನಡ! ಬರೆದ ಕಾರಕೂನನಿಗೆ ಕನ್ನಡ ಅಕ್ಷರ ಬರುತ್ತಿರಲಿಲ್ಲವೆಂದು ಕಾಣುತ್ತದೆ. ಕಿವಿಗೆ ಬಿದ್ದದ್ದನ್ನು ತನಗೆ ಬಂದ ಲಿಪಿಯಲ್ಲಿ ಇಳಿಸಿದ್ದ. ನನಗೆ ಭಾರೀ ಖುಷಿಯಾಯಿತು. ಮೊದಲಿನಿಂದ ಓದಿದೆ.

“ನನ್ನ ಹೆಸರು ಗುರುಸಿದ್ದಪ್ಪ. ರಬಕವ್ಯಾಂವ. ಮಗ್ಗ ಹೂಡಿ ಹೊಟ್ಟಿ ಹೊರೀತೇನಿ.”

ಚಾಳಿಯಂತೆ ನಿಲ್ಲಿಸಿದೆ.

“ಖರೆ ಐತ್ರಿ” ಎಂಬ ಮಾತು ಕೇಳಿಸಿತು.

ಜವಾನ ಬಂದು ಚೇಷ್ಟೆ ಮಾಡುತ್ತಿದ್ದಾನೆ ಅಂದುಕೊಂಡೆ. ತಲೆ ಎತ್ತದೆ ಮುಂದಿನದನ್ನು ಓದಿದೆ. “ಮಗ್ಗದ ತೆರಿಗಿ ಕೊಡಬ್ಯಾಡ್ರಿ ಅಂತ ಓಣ್ಯಾಗ ಹೇಳಿದಾಂವ ನಾನ. ಯಾರೂ ಹೇಳಿಕೊಟ್ಟಿಲ್ಲ.” ಮತ್ತೆ ಅದೇ ದನಿ, “ಖರೆ ಐತ್ರಿ.” ಈಗ ತಲೆ ಎತ್ತಿದೆ. ಕೋಣೆಯಲ್ಲಿ ಗಂಟುಗಳ ಹೊರತು ಏನೂ ಇರಲಿಲ್ಲ. ನನಗೆ ಅಂಜಿಕೆಯಾಗಲಿಲ್ಲ ಅನ್ನುವುದೇ ಇವತ್ತಿಗೂ ಆಶ್ಚರ್ಯ. ಹೇಳಿಕೆ ಕೊಟ್ಟವನು ಎದುರಿಗೆ ಕೂತಿದ್ದಾನೆ, ಓದಿ ಮುಗಿಸುವುದು ನನ್ನ ಕೆಲಸ ಎಂಬಂತೆ ಮನಸ್ಸು ತಣ್ಣಗಿತ್ತು. ಮುಂದಿನ ಸಾಲು ಓದಿದೆ.

“ವಖಾರದ ನೂಲು ಒಯ್ದಾಂವನೂ ನಾನ.”

ನಿಲ್ಲಿಸಿದೆ. ಹೊರಗೆ ಯಾವುದೋ ಟಾಂಗಾ ಹೋದ ಸಪ್ಪಳವಾಯಿತು. ಆಮೇಲೆ ಬಲು ಸಮಾಧಾನದಿಂದ, ಎದುರಿನವರ ತಪ್ಪನ್ನು ತಿದ್ದುವ ಹಾಗೆ, ಆ ದನಿ ಹೇಳಿತು.

“ಅದು ನಾ ಅಂದ ಮಾತಲ್ರಿ.”

ಎದ್ದು ಪಡಸಾಲೆಗೆ ಬಂದೆ. ಯಾರೂ ಇಲ್ಲ. ಅಂಗಳದ ಆಚೆಯಿಂದ ಜವಾನ ಚಹಾದ ಕಪ್ಪು-ಬಸಿ ಹಿಡಿದು ಆಗಷ್ಟೇ ಬರುತ್ತಿದ್ದ. ಈ ಕಡೆ ಯಾರೂ ಬಂದಿಲ್ಲ ಎಂದ. ಮಲ್ಲಪ್ಪ ಆ ದಿನ ಬನಹಟ್ಟಿಯ ಸಂತೆಯಲ್ಲಿ ಸೀರೆ ಮಾರುತ್ತಿದ್ದನೆಂದು ಆಮೇಲೆ ತಿಳಿಯಿತು. ಒಳಗೆ ಹೋಗಿ ಕಾಗದವನ್ನು ಬಿಸಿಲಿಗೆ ಹಿಡಿದೆ. ನೂಲಿನ ಸಾಲನ್ನು ಎರಡು ಸಾಲುಗಳ ನಡುವೆ ಇರುಕಿಸಿ ಬರೆದಿದ್ದರು. ಕೆಳಗೆ ಲಾಳಿ ಬಿಡಿಸಬೇಕಾದ ಜಾಗ ಖಾಲಿಯಿತ್ತು.

ನಾನು ಕಾಗದವನ್ನು ರಾವಸಾಹೇಬರು, ವಕೀಲರು ಇಬ್ಬರ ಮುಂದೂ ಇಟ್ಟೆ. ದನಿಯ ಸುದ್ದಿ ಎತ್ತಲಿಲ್ಲ. ವಕೀಲರಿಗೆ ಅದು ಕನ್ನಡವೆಂದು ತಿಳಿದದ್ದೇ ತಡ, ಅದು ಇಲ್ಲೇ ಉಳಿಯಬೇಕು, ಅಚ್ಚು ಹಾಕಿಸಿ ಹಂಚಬೇಕು ಎಂದರು; ನೂಲಿನ ಸಾಲು ಬಿಟ್ಟರಾಯಿತು, ಯಾರು ನೋಡುತ್ತಾರೆ ಎಂದೂ ಅಂದರು. ರಾವಸಾಹೇಬರು ಮೋಡಿ ಅಂದ ಮೇಲೆ ಪುಣೆಗೇ ಎಂದರು. ಒಬ್ಬರಿಗೆ ಭಾಷೆ ಬೇಕು, ಒಬ್ಬರಿಗೆ ಲಿಪಿ ಬೇಕು. ಗುರುಸಿದ್ದಪ್ಪ ಇಬ್ಬರಿಗೂ ಬೇಡವಾಗಿದ್ದ. ನನಗೆ ಸಿಟ್ಟು ಬಂತು. ಒಂದು ಸಾಲು ಸೇರಿಸಿ ಅವನ ಬಾಳು ಕೆಡಿಸಿದ್ದರು; ಇನ್ನು ಇವರು ಒಂದು ಸಾಲು ತೆಗೆದು, ಅದು ಸೇರಿಸಿದ್ದೆಂಬ ಸಾಕ್ಷಿಯನ್ನೇ ಕೆಡಿಸುವವರಿದ್ದರು.

ಮೂಲ ಕಾಗದಕ್ಕೆ ಕೈ ಹಚ್ಚುವ ಹಕ್ಕು ನನಗಿರಲಿಲ್ಲ. ಒಂದು ಚೀಟಿಯ ಮೇಲೆ “ಓದಿ ಹೇಳಿದಾಗ ಹೇಳಿಕೆದಾರನು ನೂಲಿನ ಮಾತನ್ನು ಒಪ್ಪಲಿಲ್ಲ” ಎಂದು ಬರೆದು, ಸಹಿ ಮಾಡಿ ಅಂಟಿಸಿದೆ. ರಾವಸಾಹೇಬರು ಅದನ್ನು ಓದಿ, ಓದಿ ಹೇಳಿದವರು ಯಾರೆಂದು ಮರಾಠಿಯಲ್ಲಿ ಕೇಳಿದರು. ನಾನೇ ಎಂದೆ. ಒಪ್ಪದವನು ಯಾರು? ಹೇಳಿಕೆದಾರನೇ ಎಂದೆ. ಅವರು ಲೇಖನಿ ಕೈಗೆತ್ತಿಕೊಂಡರು. ಅವರದೂ ಕಾರಕೂನರ ಮನೆತನವಂತೆ. ಓದಿ ಹೇಳದ, ಗುರುತು ಬೀಳದ ಹೇಳಿಕೆ ಹೇಳಿಕೆಯೇ ಅಲ್ಲ ಎಂದು ಅವರ ತಂದೆ ಅನ್ನುತ್ತಿದ್ದರಂತೆ. ಅಷ್ಟು ಹೇಳಿ, ನನ್ನ ಸಹಿಯ ಕೆಳಗೆ ತಮ್ಮದನ್ನೂ ಹಾಕಿ ಶಿಕ್ಕೆ ಒತ್ತಿದರು. ಕಾಗದ ಪುಣೆಗೆ ಹೋಯಿತು. ಚೀಟಿ ಸಹಿತ ನಕಲು ಮಲ್ಲಪ್ಪನಿಗೆ ಸಿಕ್ಕಿತು.

ಅವನಿಗೆ ಓದು ಬರುತ್ತಿರಲಿಲ್ಲ. ನಾನೇ ಪಡಸಾಲೆಯಲ್ಲಿ ಕೂಡಿಸಿಕೊಂಡು ಓದಿ ಹೇಳಿದೆ. ನೂಲಿನ ಸಾಲಿಗೆ ಅವನ ತಲೆ ತಗ್ಗಿತು. ಚೀಟಿಯನ್ನು ಓದಿದೆ. ಅವನು ತಲೆ ಎತ್ತಿದ.

“ಒಪ್ಪಲಿಲ್ಲ ಅಂತ ಬರದೀರಿ. ಯಾರ ಮುಂದ ಅಂದಾನ್ರಿ ನಮ್ಮಪ್ಪ?”

ಅವನೊಬ್ಬನಿಗೆ ಸುಳ್ಳು ಹೇಳಲು ನನಗಾಗಲಿಲ್ಲ. “ನನ್ನ ಮುಂದ” ಎಂದು, ನಡೆದದ್ದನ್ನೆಲ್ಲ ಹೇಳಿದೆ. ನಗುತ್ತಾನೆ, ಇಲ್ಲವೇ ಬೆಚ್ಚಿಬೀಳುತ್ತಾನೆ ಅಂದುಕೊಂಡಿದ್ದೆ. ಎರಡೂ ಮಾಡಲಿಲ್ಲ.

ಮುಂದೆ ಆ ನಕಲನ್ನು ಅವರ ಓಣಿಯ ಹಿರಿಯರು ಮಠದಲ್ಲಿ ಕೂತು ಓದಿಸಿ ಕೇಳಿದರು. ವರ್ಷ ತುಂಬುವುದರೊಳಗೆ ಮಲ್ಲಪ್ಪನ ಮಗಳ ಮದುವೆ ತೇರದಾಳದ ಒಳ್ಳೆಯ ಮನೆಗೆ ಆಯಿತು. ನಾನೂ ಹೋಗಿ ಉಂಡು ಬಂದೆ. ನನ್ನ ಹೆಂಡತಿಗೆ ಈ ಸಂಗತಿ ಹೇಳಿದಾಗ, “ಅವತ್ತು ಹೊಟ್ಟಿ ತುಂಬ ಉಂಡು ಕುಂತಲ್ಲೇ ನಿದ್ದಿ ಹೋಗಿದ್ರೇನ್ರಿ?” ಎಂದಳು. ಇರಬಹುದು. ಆ ಚೀಟಿ ಸುಳ್ಳು ಎಂದು ಯಾರಾದರೂ ಅಂದರೆ ನಾನು ವಾದಿಸುವುದಿಲ್ಲ. ಅದನ್ನು ಹೊಡೆದುಹಾಕು ಅಂದರೆ ಮಾತ್ರ ಕೈ ಬರುವುದಿಲ್ಲ.

ಅವತ್ತು ಪಡಸಾಲೆಯಲ್ಲಿ ಮಲ್ಲಪ್ಪ ನಕಲನ್ನು ಮಡಚಿ ಒಳಂಗಿಯಲ್ಲಿ ಇಟ್ಟುಕೊಂಡ. ಹೊರಡಲು ಎದ್ದವನು ಮತ್ತೆ ಕೂತ. ನನ್ನನ್ನು ನೋಡದೆ, ಸಣ್ಣ ದನಿಯಲ್ಲಿ ಒಂದೇ ಮಾತು ಕೇಳಿದ.

“ನನಗ ನೆನಪಿಲ್ರಿ. ನಮ್ಮಪ್ಪನ ದನಿ ಹೆಂಗಿತ್ತು?”