ಗೂಡಿನಲ್ಲಿಟ್ಟ ಲಿಂಗ

ಆಗ ನನಗೆ ಇಪ್ಪತ್ತೊಂದು. ಇದು ನಡೆದು ಐವತ್ತು ವರ್ಷದ ಮೇಲಾಯಿತು. ಯುದ್ಧದ ಕಾಲ. ಮದ್ದೂರಿನಲ್ಲಿ ನಮ್ಮ ಮನೆ. ಯಜಮಾನರು ಮಂಡ್ಯದ ಫ್ಯಾಕ್ಟರಿಗೆ ಕಬ್ಬಿನ ಗಾಡಿ ಹೊಡೆಯುತ್ತಿದ್ದರು. ಮನೆಯಲ್ಲಿ ಅವರು, ನಾನು, ಅತ್ತೆ. ಮೂರೇ ಜನ.

ಕಾಯಿಲೆ ಮೊದಲು ಗೊತ್ತಾದದ್ದು ಕರಿಮಣಿಯಿಂದ. ಕುತ್ತಿಗೆಗೆ ಹತ್ತಿಸಿ ಕಟ್ಟಿದ ಸರ. ಮದುವೆಯಲ್ಲಿ ಅದರೊಳಗೆ ಒಂದು ಬೆರಳು ಹೋಗುತ್ತಿತ್ತು. ಮೂರನೇ ಬಸಿರಿನ ಮೂರನೇ ತಿಂಗಳಿಗೆ ಉಗುರೂ ಹೋಗಲಿಲ್ಲ. ಗಂಟಲ ಬುಡ ಊದಿತ್ತು. ನೋವಿಲ್ಲ.

ನೋವಿಲ್ಲದ್ದನ್ನು ಯಾರು ಕಾಯಿಲೆ ಅನ್ನುತ್ತಾರೆ? ಬೇಸಿಗೆಯಲ್ಲಿ ಎಲ್ಲರೂ ಬೀಸಣಿಗೆ ಹಿಡಿದಿದ್ದರೆ ನಾನು ಕಂಬಳಿ ಹೊದ್ದಿದ್ದೆ. ರಾಗಿ ಬೀಸುತ್ತ ಬೀಸುತ್ತ ಕಲ್ಲಿನ ಮೇಲೇ ತೂಕಡಿಸುತ್ತಿದ್ದೆ. ತಲೆ ಬಾಚಿದರೆ ಕೈತುಂಬ ಕೂದಲು. ದನಿ ದಪ್ಪವಾಗಿ, ಒಳಗಿನಿಂದ ನಾನು ಕೂಗಿದರೆ ಹೊರಗಿದ್ದವರು ಯಾರೋ ಗಂಡಸು ಬಂದಿದ್ದಾನೆ ಅಂದುಕೊಳ್ಳುತ್ತಿದ್ದರು.

"ಬಸುರಾದ್ರೆ ಸೋಮಾರಿತನನೂವೆ ಒಟ್ಟೇಲಿ ಬೆಳೀತದಾ, ಅಮ್ಮಿ?" ಎಂದರು ಅತ್ತೆ.

ಹಿಂದಿನ ಎರಡೂ ನಿಂತಿರಲಿಲ್ಲ. ಒಂದು ಐದು ತಿಂಗಳಿಗೆ ಹೋಯಿತು. ಇನ್ನೊಂದು ದಿನ ತುಂಬಿ ಹುಟ್ಟಿತು. ಅಳಲಿಲ್ಲ. ಎರಡೂ ಮಳವಳ್ಳಿಯಲ್ಲಿ, ನನ್ನ ತವರಿನಲ್ಲಿ. ಹಿತ್ತಲ ಹುಣಸೆಮರದ ಬುಡದಲ್ಲಿ ಎರಡನ್ನೂ ಮಣ್ಣು ಮಾಡಿದರು. ಮೂರನೆಯದೂ ಹೋದರೆ ಮಗನಿಗೆ ಬೇರೆ ಹೆಣ್ಣು ನೋಡಬೇಕಾಗುತ್ತದೆ ಎಂದು ಅತ್ತೆ ಮುಚ್ಚಿಟ್ಟು ಹೇಳಿದವರಲ್ಲ. ನನ್ನೆದುರಿಗೇ ಹೇಳಿದ್ದರು. ನಾನು ಅದಕ್ಕೆ ಅಳಲಿಲ್ಲ. ಅಳುವುದಕ್ಕೂ ಮೈಯಲ್ಲಿ ಬಿಸಿ ಬೇಕು.

ಯಜಮಾನರು ಒಂದು ದಿನ ಗಾಡಿ ಬಿಟ್ಟು, ನನ್ನನ್ನು ರೈಲಿಗೆ ಹತ್ತಿಸಿಕೊಂಡು ಮಂಡ್ಯದ ಆಸ್ಪತ್ರೆಗೆ ಹೋದರು. ಹನಕೆರೆ ದಾಟುವುದರೊಳಗೆ ನಾನು ನಿದ್ದೆ ಹೋಗಿದ್ದೆ.

ಡಾಕ್ಟರಮ್ಮ ಹೊಟ್ಟೆ ಮುಟ್ಟುವ ಮೊದಲು ಕುತ್ತಿಗೆ ನೋಡಿದರು. ಒಂದು ಲೋಟ ನೀರು ಕೊಟ್ಟು ನುಂಗು ಎಂದರು. ನಾಲಿಗೆ ಚಾಚಿಸಿದರು. ಕಣ್ಣಿನ ರೆಪ್ಪೆ ಇಳಿಸಿ ನೋಡಿ, ರಕ್ತವೂ ಇಲ್ಲ ಎಂದರು. ಹಿಂದಿನ ಎರಡು ಮಕ್ಕಳ ವಿಷಯ ಕೇಳಿದರು.

"ಇಲ್ಲಿ ಥೈರಾಯ್ಡ್ ಅಂತ ಒಂದು ಗ್ಲ್ಯಾಂಡ್ ಇದೆ. ನಿನ್ನದು ಕೆಲಸ ಮಾಡುತ್ತಿಲ್ಲ. ಮಕ್ಕಳು ನಿಲ್ಲದೆ ಇದ್ದದ್ದು ಇದಕ್ಕೇ ಇರಬಹುದು."

ಇರಬಹುದು ಎಂದರು. ಇದಕ್ಕೇ ಎನ್ನಲಿಲ್ಲ. ಆದರೂ ನನ್ನ ಸೋಮಾರಿತನಕ್ಕೆ ಒಂದು ಹೆಸರು ಇದೆ ಅಂತ ಅವತ್ತು ತಿಳಿಯಿತು.

ರಕ್ತಕ್ಕೆ ಕಪ್ಪು ಟಾನಿಕ್ಕು ಕೊಟ್ಟರು. ಗಂಟಲಿಗೆ ಮಾತ್ರೆ ಮೈಸೂರಿನಿಂದ ತರಿಸಿದರು. ಹೆರಿಗೆಗೆ ತವರಿಗೆ ಹೋಗಕೂಡದು, ಇಲ್ಲಿಗೇ ಬರಬೇಕು ಎಂದರು. ಮೂರು ವಾರ ಮಾತ್ರೆ ನುಂಗಿದೆ. ಮೊದಲು ಕಂಬಳಿ ಬಿಟ್ಟೆ. ಆಮೇಲೆ ಬೀಸುವ ಕಲ್ಲಿನ ಮುಂದೆ ಎಚ್ಚರವಾಗಿ ಕೂತೆ. ನಾಲ್ಕನೇ ವಾರ ಆಸ್ಪತ್ರೆಗೆ ಹೋದರೆ ಮಾತ್ರೆ ಇಲ್ಲ. ಹಡಗಿನಲ್ಲಿ ಬರಬೇಕಾದದ್ದು ಯುದ್ಧದಿಂದ ನಿಂತಿದೆ, ಮೈಸೂರಿನಲ್ಲೂ ಇಲ್ಲ, ಯಾವಾಗ ಬರುತ್ತದೋ ಗೊತ್ತಿಲ್ಲ ಎಂದರು.

ಡಾಕ್ಟರಮ್ಮ ಪೆನ್ನು ಕೆಳಗಿಟ್ಟರು. ನನ್ನ ಎದೆಯ ಮೇಲಿನ ಲಿಂಗ ನೋಡಿದರು. ಆಮೇಲೆ ಹೇಳಿದರು. ಆ ಮಾತ್ರೆ ಮಾಡುವುದೇ ಕುರಿಯ ಗಂಟಲಲ್ಲಿರುವ ಅದೇ ಗ್ಲ್ಯಾಂಡ್ ಒಣಗಿಸಿ ಪುಡಿ ಮಾಡಿ. ಮಾತ್ರೆ ಬರುವ ಮೊದಲು ಹಿಂದಿನ ಡಾಕ್ಟರುಗಳು ಹಸಿಯದನ್ನೇ ತಿನ್ನಿಸುತ್ತಿದ್ದರಂತೆ. ವಾರಕ್ಕೆ ಎರಡು ಸಲ, ಒಂದೊಂದು ಚೂರು. ಬೇಯಿಸಬಾರದು, ಬಿಸಿನೀರಲ್ಲಿ ಅದ್ದಿದರೆ ಸಾಕು. ಎದೆ ಹೊಡೆದುಕೊಂಡರೆ ಅವತ್ತೇ ನಿಲ್ಲಿಸಿ ಓಡಿ ಬಾ.

ಮೂರು ವಾರದಿಂದ ನಾನು ಕುರಿ ತಿನ್ನುತ್ತಿದ್ದೆ.

ನಮ್ಮದು ಲಿಂಗ ಕಟ್ಟಿದ ಮನೆ. ಮೊಟ್ಟೆಯನ್ನು ಕೈಯಲ್ಲಿ ಮುಟ್ಟಿದವಳಲ್ಲ ನಾನು. ಸ್ಟೇಷನ್ನಿನ ಕಲ್ಲುಬೆಂಚಿನ ಮೇಲೆ ಕೂತು ಯಜಮಾನರಿಗೆ ಎಲ್ಲ ಹೇಳಿದೆ.

"ನೀ ಏನಂತೀಯೆ?" ಎಂದರು.

"ನಾನು ಉಣಸೆಮರದ ಬುಡುಕ್ಕೆ ಇನ್ನೊಂದ ಕೊಡಕಿಲ್ಲ."

"ಅವ್ವಂಗೆ ಯೋಳಬ್ಯಾಡ" ಎಂದರು. ಅಷ್ಟೇ ನಮ್ಮ ತೀರ್ಮಾನ.

ನಮ್ಮ ಹಿತ್ತಲ ಬೇಲಿಯಾಚೆ ಖಾಸಿಂ ಸಾಬರ ಮನೆ. ಪೇಟೆಯಲ್ಲಿ ಅವರದು ಮಾಂಸದಂಗಡಿ. ಗುರುವಾರ, ಭಾನುವಾರ ಕುರಿ ಕುಯ್ಯುತ್ತಿದ್ದರು. ಅವರ ಹೆಂಡತಿ ಜೈನಬಿ ನನಗಿಂತ ಹತ್ತು ವರ್ಷ ದೊಡ್ಡವಳು, ಐದು ಹೆತ್ತವಳು. ಅವಳಿಗೆ ಬಿಡಿಸಿ ಹೇಳಿದೆ. ನಗಲಿಲ್ಲ. ಗಂಡನಿಗೆ ಹೇಳಿದಳು. ಬೇರೆ ಯಾರಿಗೂ ಹೇಳಲಿಲ್ಲ, ಸಾಯುವ ತನಕ.

ಬೇಲಿಯಾಚೆ ಹೋಗುವಾಗ ನಾನು ಒಂದು ಕೆಲಸ ಮಾಡುತ್ತಿದ್ದೆ. ದನದ ಕೊಟ್ಟಿಗೆಯ ಗೋಡೆಯಲ್ಲಿ ಒಂದು ಗೂಡಿತ್ತು. ಶಿವದಾರ ತಲೆಯಿಂದ ತೆಗೆದು, ಲಿಂಗವನ್ನು ಆ ಗೂಡಿನಲ್ಲಿಟ್ಟು, ಮೇಲೆ ಒಂದು ಹಿಡಿ ಹುಲ್ಲು ಮುಚ್ಚಿ ಹೋಗುತ್ತಿದ್ದೆ. ಲಿಂಗ ಮೈಮೇಲಿಟ್ಟುಕೊಂಡು ತಿನ್ನುವುದಕ್ಕಿಂತ ಅದು ವಾಸಿ ಎಂದು ನನ್ನ ಬುದ್ಧಿ. ಹೇಳಿಕೊಟ್ಟವರು ಯಾರೂ ಇಲ್ಲ. ಕೇಳುವುದಾದರೂ ಯಾರನ್ನು?

ಸೆರಗಿನಲ್ಲಿ ಮನೆಯ ಮುದ್ದೆಯದೊಂದು ತುತ್ತು ಕಟ್ಟಿಕೊಂಡು ಹೋಗುತ್ತಿದ್ದೆ. ಜೈನಬಿ ಚೂರನ್ನು ಸಣ್ಣಗೆ ಹೆಚ್ಚಿ, ಬಿಸಿನೀರಲ್ಲಿ ಅದ್ದಿ ಎಲೆಯ ಮೇಲೆ ಇಡುತ್ತಿದ್ದಳು. ಅದನ್ನು ಮುದ್ದೆಯೊಳಗೆ ಹುದುಗಿಸಿ ನುಂಗಬೇಕು. ಮುದ್ದೆಯನ್ನು ನಾವು ಹೇಗೂ ಅಗಿಯುವುದಿಲ್ಲ. ಅದೊಂದು ಪುಣ್ಯ. ಆದರೂ ಮೊದಲ ಸಲ ಗಂಟಲಲ್ಲೇ ನಿಂತಿತು.

"ನುಂಗ್ಬುಡು ಕಣಮ್ಮ" ಎಂದಳು ಜೈನಬಿ. "ಒಳೀಕೆ ಓದ್ಮೇಲೆ ಯಾವ ಜಾತಿ ಅಂತ ಒಟ್ಟೆ ಕೇಳಕಿಲ್ಲ."

ನುಂಗಿದೆ. ಬೇಲಿಯ ಬುಡದಲ್ಲಿ ಕಕ್ಕಿದೆ. ಮುಂದಿನ ಗುರುವಾರ ನುಂಗಿ ಬಾಯಿ ಮುಚ್ಚಿಕೊಂಡು ಕೂತೆ. ನಿಂತಿತು.

ನಿಂತಿತು, ಆದರೆ ಚಳಿ ಹೋಗಲಿಲ್ಲ. ಮತ್ತೆ ಕಂಬಳಿ. ಮತ್ತೆ ತೂಕಡಿಕೆ. ಹೊಟ್ಟೆಯಲ್ಲಿ ಮಗು ಮಿಸುಕುವುದೂ ಕಡಿಮೆಯಾಯಿತು. ಜೈನಬಿ ಕೊಟ್ಟ ಚೂರನ್ನು ಬಾಳೆಲೆಯಲ್ಲಿ ಸುತ್ತಿಕೊಂಡು ಮಂಡ್ಯಕ್ಕೆ ಹೋದೆ. ಡಾಕ್ಟರಮ್ಮ ಬಿಚ್ಚಿ ನೋಡಿ ತಲೆ ಅಲ್ಲಾಡಿಸಿದರು. ಅದು ಬಿಳಿಯದು, ಕೊಬ್ಬಿನ ಗಂಟು. ಬೇಕಾದದ್ದು ಕಡುಗೆಂಪಿನದು, ಉಸಿರಿನ ಕೊಳವೆಯ ಎಡಕ್ಕೊಂದು ಬಲಕ್ಕೊಂದು.

ಒಂದು ತಿಂಗಳು ಜಾತಿ ಕೆಟ್ಟದ್ದು ದಂಡ.

ಖಾಸಿಂ ಸಾಬರಿಗೆ ಬಹಳ ಬೇಜಾರಾಯಿತು. ಅವರ ತಪ್ಪಿರಲಿಲ್ಲ. ಅದನ್ನು ಯಾರೂ ಕೊಳ್ಳುವುದಿಲ್ಲ, ಅದಕ್ಕೊಂದು ಹೆಸರೂ ಇರಲಿಲ್ಲ. ಅವರ ಕತ್ತಿ ಬೀಳುವುದೇ ಅದರ ಪಕ್ಕದಲ್ಲಿ. ಎಷ್ಟೋ ಸಲ ಹರಿದು ನೆತ್ತರಿನಲ್ಲಿ ಹೋಗಿಬಿಡುತ್ತಿತ್ತು. ಅವತ್ತಿನಿಂದ ಕುಯ್ದ ಮೇಲೆ ಕತ್ತಿ ಬಿಟ್ಟು, ಬೆರಳಿನಲ್ಲೇ ಬಿಡಿಸಿ ತೆಗೆಯುತ್ತಿದ್ದರು. ನನ್ನ ಮುಖ ನೋಡಿ ಒಂದು ಮಾತೂ ಆಡಿದವರಲ್ಲ ಅವರು.

ಆರನೇ ತಿಂಗಳ ಕೊನೆಗೆ ಮೈ ಬಿಸಿಯಾಯಿತು. ಮಗು ಒದೆಯಿತು.

ಎಂಟನೇ ತಿಂಗಳಲ್ಲಿ ಒಂದು ಭಾನುವಾರ ನಾನು ಬೇಲಿ ದಾಟಿ ವಾಪಸು ಬಂದಾಗ ಅತ್ತೆ ಕೊಟ್ಟಿಗೆಯಲ್ಲಿ ಕೂತಿದ್ದರು. ಕರುವಿಗೆ ಹುಲ್ಲು ಹಾಕಲು ಬಂದು ಗೂಡಿಗೆ ಕೈ ಹಾಕಿದ್ದಾರೆ. ಮಡಿಲಲ್ಲಿ ನನ್ನ ಲಿಂಗ. ಏನನ್ನೂ ಕೇಳಲಿಲ್ಲ. ಬಾಯಿಯ ವಾಸನೆಗೇ ತಿಳಿಯಿತು ಅಂತ ಕಾಣುತ್ತದೆ. ಲಿಂಗವನ್ನು ನನ್ನ ಅಂಗೈಗೆ ಹಾಕಿ ಎದ್ದು ಹೋದರು. ಸಾಯಂಕಾಲಕ್ಕೆ ನನ್ನ ತಟ್ಟೆ, ಲೋಟ, ನೀರಿನ ಬಿಂದಿಗೆ ಜಗಲಿಗೆ ಬಂದವು. ಯಜಮಾನರು ಆಸ್ಪತ್ರೆಯ ವಿಷಯವನ್ನೆಲ್ಲ ಹೇಳಿದರು. ಅತ್ತೆ ಕೇಳಿಸಿಕೊಂಡರು. ನನ್ನ ಕೈಯ ನೀರು ಮುಟ್ಟಲಿಲ್ಲ.

ನಾನು ನಿಲ್ಲಿಸಲಿಲ್ಲ. ಗುರುವಾರ, ಭಾನುವಾರ ಹೋದೆ. ಗೂಡಿನಲ್ಲಿಟ್ಟೇ ಹೋದೆ.

ಹೆರಿಗೆ ಮಂಡ್ಯದಲ್ಲಾಯಿತು. ಎರಡು ದಿನ ನೋವು ತಿಂದೆ. ರಕ್ತ ಬಹಳ ಹೋಯಿತು. ಹೆಣ್ಣುಮಗು. ನರ್ಸಮ್ಮ ಕಾಲು ಹಿಡಿದು ತಲೆಕೆಳಗು ಮಾಡಿ ಬೆನ್ನಿಗೆ ತಟ್ಟಿದರು. ಒಂದು. ಎರಡು. ಮೂರು.

ಅತ್ತಿತು.

ಹೆತ್ತ ಮೇಲೂ ನೀನು ಬಿಡುವ ಹಾಗಿಲ್ಲ, ಮಾತ್ರೆ ಬರುವ ತನಕ ಅದೇ ಎಂದು ಡಾಕ್ಟರಮ್ಮ ಹೇಳಿ ಕಳಿಸಿದರು. ಹನ್ನೆರಡನೇ ದಿನ, ಒಂದು ಬುಧವಾರ, ಮನೆಗೆ ಬಂದೆವು. ನಮ್ಮಲ್ಲಿ ಹುಟ್ಟಿದ ಮಗುವಿಗೆ ಅಯ್ನೋರು ಬಂದು ಲಿಂಗ ಕಟ್ಟಬೇಕು. ಕರೆಯಲು ಹೋಗುತ್ತೇನೆಂದು ಯಜಮಾನರು ಹೆಗಲ ಮೇಲೆ ಟವಲು ಹಾಕಿಕೊಂಡರು. ಅತ್ತೆ ಬಾಗಿಲಿಗೆ ಅಡ್ಡ ಕೂತರು. ಎರಡು ತಿಂಗಳಲ್ಲಿ ನನ್ನ ಜೊತೆ ಆಡಿದ ಮೊದಲ ಮಾತು ಅದು.

"ನೀ ತಿಂದದ್ಕಲ್ಲ ಕಣಮ್ಮಿ ನಾ ದೂರ ಇಕ್ಕಿದ್ದು. ಪ್ರಾಣಕ್ಕೆ ಬಂದಾಗ ಔಸ್ದಿ ಅನ್ಕತೀನಿ. ಬಿಚ್ಚಿಟ್ಟು ಓದೆಯಲ್ಲ. ನಮ್ಮಲ್ಲಿ ಸತ್ತೋರ್ ಮೈಯಿಂದ್ಲೂ ಬಿಚ್ಚಕಿಲ್ಲ, ಮಣ್ಣಿಗೂ ಜೊತೇಲೇ ಕಳಿಸ್ತೀವಿ. ಬದುಕಿರೋಳು ನೀ ಉಲ್ಲಿನ್ ಕೆಳಗೆ ಮುಚ್ಚಿಟ್ಟೆ. ಅವ್ವನ ಮೈಮ್ಯಾಲೇ ನಿಲ್ದಿರದು ಮಗೀನ ಮ್ಯಾಲೆ ಎಂಗೆ ನಿಂತಾತು?"

ಐದು ತಿಂಗಳು ಯಾವುದನ್ನು ಮರ್ಯಾದೆ ಎಂದುಕೊಂಡಿದ್ದೆನೋ ಅದೇ ಅಪಚಾರವಾಗಿತ್ತು.

ಆಮೇಲಿನದನ್ನು ಇಲ್ಲೇ ಹೇಳಿ ಮುಗಿಸುತ್ತೇನೆ. ಮಗುವಿಗೆ ಲಿಂಗ ಕಟ್ಟಿಸಿದವನು ನಮ್ಮಪ್ಪ, ಮಳವಳ್ಳಿಯಲ್ಲಿ, ಮೂರು ತಿಂಗಳಾದ ಮೇಲೆ. ಮಗಳು ನಡೆದದ್ದು ತಡ, ಮಾತು ಇನ್ನೂ ತಡ. ಲೆಕ್ಕ ಬರೆಯುವಷ್ಟು ಬುದ್ಧಿ ಬರಲಿಲ್ಲ, ದನ ಕಾಯುವಷ್ಟು ಬಂತು. ಒಂದು ತಿಂಗಳು ದಂಡವಾಯಿತಲ್ಲ, ಅದಕ್ಕೇ ಹಾಗಾಯಿತೋ ಏನೋ, ಯಾರೂ ಹೇಳಲಿಲ್ಲ. ಈಗಲೂ ನನ್ನ ಜೊತೆಯಲ್ಲೇ ಇದ್ದಾಳೆ. ಅವಳ ಮೇಲೆ ಇನ್ನೊಂದು ಮಗು ಆಗಲಿಲ್ಲ. ಅತ್ತೆ ಅವಳನ್ನು ಎತ್ತಿ ಆಡಿಸಿದರು, ನನ್ನ ಕೈಯ ಅನ್ನ ಮಾತ್ರ ಸಾಯುವ ತನಕ ಉಣ್ಣಲಿಲ್ಲ. ಈಗ ಬಿಳಿ ಮಾತ್ರೆ ಬೆಳಗ್ಗೆ ಒಂದು ನುಂಗುತ್ತೇನೆ. ಎಲ್ಲ ಅಂಗಡಿಯಲ್ಲೂ ಸಿಗುತ್ತದೆ. ಬಸುರಿಯರು ಕುತ್ತಿಗೆ ತೋರಿಸಿಕೊಳ್ಳಿ. ನನ್ನ ಹಾಗೆ ಕಟುಕರ ಹಿತ್ತಲಿಗೆ ಹೋಗಬೇಡಿ.

ಅತ್ತೆ ಹಾಗಂದ ಮಾರನೆಯ ಬೆಳಗ್ಗೆ ಗುರುವಾರ. ಬಾಣಂತಿ ಹೊಸಿಲು ದಾಟಬಾರದು. ಮಗುವನ್ನು ಸೆರಗಿನಲ್ಲಿ ಸುತ್ತಿಕೊಂಡು, ಒಂದು ತುತ್ತು ಮುದ್ದೆ ಹಿಡಿದು, ಅತ್ತೆಯ ಮುಂದೆಯೇ ದಾಟಿದೆ. ಕೊಟ್ಟಿಗೆಯ ಗೂಡಿನ ಹತ್ತಿರ ಕಾಲು ತಾನಾಗೇ ನಿಂತಿತು. ಕೈ ಶಿವದಾರಕ್ಕೆ ಹೋಯಿತು. ಕೈ ಇಳಿಸಿ ಮುಂದೆ ನಡೆದೆ. ಜೈನಬಿ ಎಲೆ ಇಟ್ಟಳು. ಲಿಂಗ ಎದೆಯ ಮೇಲಿತ್ತು, ಅದರ ಪಕ್ಕದಲ್ಲಿ ಮಗು ಹಾಲು ಕುಡಿಯುತ್ತಿತ್ತು. ನುಂಗಿದೆ.