ದೊಡ್ಡಮ್ಮನ ಫೋನಿನೊಳಗಿನ ದೊಡ್ಡಪ್ಪ

ಮೊನ್ನೆ ಮೆಟ್ರೋದಲ್ಲಿ ನನ್ನ ಪಕ್ಕ ಕೂತಿದ್ದ ಹೆಂಗಸೊಬ್ಬರು ಫೋನಿನಲ್ಲಿ ಹಣ್ಣು ಜೋಡಿಸುವ ಆಟ ಆಡುತ್ತಿದ್ದರು. ನೀವೂ ನೋಡಿರುತ್ತೀರಿ. ಒಂದೇ ಥರದ ಮೂರು ಹಣ್ಣು ಸಾಲಾಗಿ ಬಂದರೆ ಢಬ್ ಎಂದು ಒಡೆದು ಮಾಯವಾಗುತ್ತವೆ, ಒಳಗಿನಿಂದ ಯಾವನೋ ದಪ್ಪ ದನಿಯವನು ಇಂಗ್ಲಿಷಿನಲ್ಲಿ ಶಹಬ್ಬಾಸ್ ಹೇಳುತ್ತಾನೆ. ಅವರ ಹಣ್ಣು ಒಡೆಯಿತು, ಅವನು ಶಹಬ್ಬಾಸ್ ಅಂದ, ನಾನು ಗಟ್ಟಿಯಾಗಿ ನಕ್ಕುಬಿಟ್ಟೆ. ಆಕೆ ಚೀಲವನ್ನು ನನ್ನಿಂದ ಆಚೆ ಬದಿಗೆ ಎಳೆದುಕೊಂಡರು. ತಪ್ಪು ಅವರದಲ್ಲ. ಆ ದನಿ ಬರುವ ಜಾಗದಲ್ಲಿ ನನ್ನ ಕಿವಿ ನಮ್ಮ ದೊಡ್ಡಪ್ಪನ ದನಿಗೆ ಕಾದಿತ್ತು ಎಂದು ಅವರಿಗೆ ಹೇಗೆ ಗೊತ್ತಾಗಬೇಕು?

ನಮ್ಮ ದೊಡ್ಡಪ್ಪ ತೂಕ ಮತ್ತು ಅಳತೆ ಇಲಾಖೆಯಿಂದ ನಿವೃತ್ತರಾದವರು. ನೌಕರಿಯಲ್ಲಿದ್ದಷ್ಟು ಕಾಲ ಅಂಗಡಿ ಅಂಗಡಿ ಹೊಕ್ಕು ತಕ್ಕಡಿ ಸರಿಯಿದೆಯೇ, ಬಟ್ಟು ಸವೆದಿದೆಯೇ ಎಂದು ನೋಡುವುದೇ ಕೆಲಸ. ಅದೇ ಅಭ್ಯಾಸ ಮಾತಿಗೂ ಅಂಟಿಕೊಂಡಿತ್ತು. ಬಾಯಿಂದ ಒಂದು ಮಾತು ಹೊರಬೀಳುವ ಮೊದಲು ಅದು ಒಳಗೆಲ್ಲೋ ತಕ್ಕಡಿಗೆ ಬಿದ್ದು, ಮುಳ್ಳು ನಿಂತಮೇಲಷ್ಟೇ ಆಚೆ ಬರುತ್ತಿತ್ತು. ಅಂಗಡಿಯವರು ತೂಕದಲ್ಲಿ ಒಂದಿಷ್ಟು ಕಡಿಮೆ ಮಾಡಿದರೆ ಸಿಡುಕುತ್ತಿದ್ದ ಮನುಷ್ಯ, ಹೆಂಡತಿಯನ್ನು ಹೊಗಳುವ ವಿಚಾರದಲ್ಲಿ ಮಾತ್ರ ಖಾಲಿ ತಟ್ಟೆಯನ್ನೇ ತೂಗಿ ಕೊಟ್ಟವರು. ದೊಡ್ಡಮ್ಮನ ಹುಳಿಗೆ ಇಡೀ ಬೀದಿ ತಲೆದೂಗುತ್ತಿತ್ತು. ದೊಡ್ಡಪ್ಪ ಉಂಡು, ಎದ್ದು, ಕೈ ತೊಳೆದು, "ಹ್ಞೂಂ" ಎನ್ನುತ್ತಿದ್ದರು. ಆ ಹ್ಞೂಂ ಹುಳಿಗೋ, ನಲ್ಲಿಯಲ್ಲಿ ನೀರು ಬಂದದ್ದಕ್ಕೋ, ಯಾರಿಗೂ ತಿಳಿಯದು. ಹೆಂಡತಿಯನ್ನು ಹೆಸರು ಹಿಡಿದು ಕರೆದವರೂ ಅಲ್ಲ. "ಇವಳೇ" ಎಂದರೆ ದೊಡ್ಡಮ್ಮ ಬರಬೇಕು. "ನೋಡಿಲ್ಲಿ" ಎಂದರೆ ಬೇಗ ಬರಬೇಕು.

ಜಯನಗರದಲ್ಲಿ, ತಿಲಕ್ ನಗರಕ್ಕೆ ಒರಗಿಕೊಂಡಂತಿರುವ ಅಡ್ಡರಸ್ತೆಯೊಂದರಲ್ಲಿ ಅವರ ಮನೆ. ಮಗಳು ವೀಣಕ್ಕ ಬನಶಂಕರಿಯಲ್ಲಿದ್ದಾಳೆ. ಅವಳು ಹೊಸ ಫೋನ್ ಕೊಂಡಾಗ ತನ್ನ ಹಳೆಯ ಸೇಬಿನ ಗುರುತಿನ ಫೋನನ್ನು ಅಮ್ಮನಿಗೆ ಕೊಟ್ಟಳು. ಕೊಡುವಾಗ ಅದರೊಳಗೆ ಈ ಹಣ್ಣಿನ ಆಟವೂ ಇತ್ತು. ದೊಡ್ಡಮ್ಮ ಒಂದು ಮಧ್ಯಾಹ್ನ ಕೈಯಾಡಿಸಿ ನೋಡಿದಳು. ಆಮೇಲೆ ನಮ್ಮ ದೊಡ್ಡಮ್ಮ ನಮಗೆ ಸಿಗಲಿಲ್ಲ.

ಆಗ ನಾನು ಬಿಳೇಕಹಳ್ಳಿ ಕಡೆಯ ಒಂದು ಕಂಪನಿಯಲ್ಲಿದ್ದೆ. ಬೇರೆಯವರು ಬರೆದ ಪ್ರೋಗ್ರಾಮಿನಲ್ಲಿ ತಪ್ಪು ಹುಡುಕುವ ಕೆಲಸ. ಇಡೀ ದಿನ ಇನ್ನೊಬ್ಬರ ತಪ್ಪು ಹುಡುಕಿ ಮನಸ್ಸು ಎಷ್ಟು ಒಣಗಿತ್ತೆಂದರೆ, ಮನೆಗೆ ಬಂದು ಯಾವುದಾದರೂ ಚೇಷ್ಟೆ ಮಾಡದೆ ಊಟ ಸೇರುತ್ತಿರಲಿಲ್ಲ. ಫೋನಿನ ಆಟಗಳನ್ನು ಬಿಚ್ಚಿ, ಒಳಗಿನ ಚಿತ್ರ ಸದ್ದು ಬದಲಾಯಿಸಿ, ಮತ್ತೆ ಮುಚ್ಚುವುದು ಆಗ ಹಿಡಿದಿದ್ದ ಹುಚ್ಚು. ಇದನ್ನು ಬಾಯಿತಪ್ಪಿ ದೊಡ್ಡಮ್ಮನ ಮುಂದೆ ಹೇಳಿದೆ.

"ಹಂಗಾದ್ರೆ ನಂದಕ್ಕೂ ಮಾಡ್ಕೊಡೋ," ಎಂದಳು. "ನಾಲ್ಕು ಸಲ ಸೋತ್ರೆ ಸಾಕು, ಪ್ರಾಣ ಮುಗೀತು, ಆಮೇಲೆ ಬನ್ನಿ ಅನ್ನುತ್ತೆ. ನನ್ನ ಮನೇಲಿ, ನನ್ನ ಫೋನಲ್ಲಿ, ನನಗೇ ಆಮೇಲೆ ಬನ್ನಿ ಅನ್ನಕ್ಕೆ ಅದು ಯಾರೋ?"

"ಮಾಡ್ಬಹುದು ದೊಡ್ಡಮ್ಮ. ಆದ್ರೆ ಈ ಫೋನಿಗೆ ಕಂಪನಿಯವರು ಬೀಗ ಹಾಕಿರ್ತಾರೆ. ಕೆಲವರು ಅದನ್ನೇ ಮುರಿದುಬಿಡ್ತಾರೆ."

"ಬೀಗ ಮುರೀಬೇಡಪ್ಪ! ಮುರಿದ್ರೆ ಬ್ಯಾಂಕಿನ ಆಪ್ ಕೆಲ್ಸ ಮಾಡಲ್ಲ ಅಂತ ವೀಣ ಹೇಳಿದ್ದಾಳೆ. ಬೀಗ ಮುರಿದ್ರೆ ಕಳ್ಳತನ. ಕಿಟಕಿಯಿಂದ ಕೈ ಹಾಕಿದ್ರೆ ಚೇಷ್ಟೆ. ನೀನು ಕಿಟಕಿಯಿಂದ ಮಾಡು."

ನನ್ನ ಕಂಪನಿಯಲ್ಲಿ ಇಂಥ ಸ್ಪಷ್ಟವಾದ ಆದೇಶ ನನಗೆ ಯಾರೂ ಕೊಟ್ಟಿರಲಿಲ್ಲ.

ಕಿಟಕಿ ಇತ್ತು. ತಾವೇ ಬರೆದ ಆಪ್‌ಗಳನ್ನು ತಮ್ಮ ಫೋನಿನಲ್ಲೇ ಪರೀಕ್ಷೆ ಮಾಡಿಕೊಳ್ಳುವವರಿಗೆಂದು ಕಂಪನಿಯೇ ಬಿಟ್ಟಿದ್ದ ದಾರಿ ಅದು. ಬದಲಾಯಿಸಿದ ಆಟಕ್ಕೆ ನನ್ನ ಹೆಸರಿನಲ್ಲಿ ಒಂದು ರುಜು ಹಾಕಿ, ಲ್ಯಾಪ್‌ಟಾಪಿನಿಂದ ತಂತಿ ಎಳೆದು ಫೋನಿಗೆ ಇಳಿಸಿದರೆ, ಫೋನು ಅದನ್ನು ಒಳಗೆ ಬಿಟ್ಟುಕೊಳ್ಳುತ್ತಿತ್ತು. ಒಂದೇ ತೊಂದರೆ. ಬಿಟ್ಟಿ ರುಜುವಿನ ಆಯಸ್ಸು ಒಂದು ವಾರ. ಆಮೇಲೆ ಆಟ ತೆರೆಯುವುದಿಲ್ಲ, ಮತ್ತೆ ರುಜು ಹಾಕಬೇಕು. ಹೀಗಾಗಿ ಪ್ರತಿ ಭಾನುವಾರ ನಾನು ಲ್ಯಾಪ್‌ಟಾಪು ಹೊತ್ತು ಜಯನಗರಕ್ಕೆ ಹೊರಡುವಂತಾಯಿತು. ನನ್ನಮ್ಮ ಇದನ್ನು ಬಂಧುಪ್ರೇಮ ಎಂದುಕೊಂಡು ನಾಲ್ಕು ಜನರ ಮುಂದೆ ಹೇಳಿಕೊಂಡಳು. ಅದರಲ್ಲಿ ಅರ್ಧ ದೊಡ್ಡಮ್ಮನ ಕೈ ರೊಟ್ಟಿಯ ಮೇಲಿನ ಪ್ರೇಮ ಎಂಬುದನ್ನು ನಾನು ಬಾಯಿ ಬಿಡಲಿಲ್ಲ.

ಪ್ರಾಣ ಮುಗಿಯದ ಹಾಗೆ ಮಾಡಿದ್ದಾಯಿತು. ಮುಂದಿನ ವಾರ ದೊಡ್ಡಮ್ಮ ಹಣ್ಣುಗಳ ತಪಾಸಣೆಗೆ ಇಳಿದಳು.

"ಈ ಕೆಂಪಗಿರೋದು ಏನೋ?"

"ಸ್ಟ್ರಾಬೆರಿ."

"ಹುಳಿಗೆ ಹಾಕಕ್ಕಾಗುತ್ತಾ?"

"ಇಲ್ಲ."

"ತೆಗಿ ಹಂಗಾದ್ರೆ."

ಸ್ಟ್ರಾಬೆರಿ ಹೋಗಿ ಬದನೆಕಾಯಿ ಬಂತು. ದ್ರಾಕ್ಷಿ ಹೋಗಿ ನುಗ್ಗೆಕಾಯಿ, ಕಿತ್ತಳೆ ಹೋಗಿ ಸೀಮೆಬದನೆ. ಫೋರ್ತ್ ಬ್ಲಾಕ್ ಮಾರುಕಟ್ಟೆಯ ಅರ್ಧ ತರಕಾರಿ ಆ ಫೋನಿನೊಳಗೆ ಬಂದು ಕೂತಿತು. ನುಗ್ಗೆಕಾಯಿಯನ್ನು ಚೌಕದೊಳಗೆ ಕೂರಿಸುವುದು ಎಂಥ ಕಷ್ಟ ಎಂದು ಪಟ್ಟವನಿಗೇ ಗೊತ್ತು. ಕಡೆಗೆ ಮಡಚಿ ಕೂರಿಸಿದೆ.

ಆಮೇಲೆ ಒಂದು ಭಾನುವಾರ ದೊಡ್ಡಮ್ಮ ಫೋನು ಕೈಯಲ್ಲಿ ಹಿಡಿದು ಸುಮ್ಮನೆ ಕೂತಿದ್ದಳು.

"ಈ ಶಹಬ್ಬಾಸ್ ಅನ್ನೋನು ಯಾರೋ?"

"ಯಾರೋ ಕಂಪನಿಯೋನು, ದೊಡ್ಡಮ್ಮ."

"ಯಾರೋ ಗೊತ್ತಿಲ್ದೋನು ನನ್ನನ್ನ ದಿನಾ ಹೊಗಳ್ತಾನೆ." ಹಜಾರದ ಕಡೆ ಒಮ್ಮೆ ನೋಡಿದಳು. ದೊಡ್ಡಪ್ಪ ಅಲ್ಲಿ ಪೇಪರು ಹಿಡಿದು ಕೂತಿದ್ದರು. ದನಿ ತಗ್ಗಿಸಿ, "ಇವರ ದನಿ ಹಾಕಕ್ಕಾಗುತ್ತಾ?" ಎಂದಳು.

ಆಗುತ್ತಿತ್ತು. ಆದರೆ ಹೊಗಳಿ ಎಂದು ದೊಡ್ಡಪ್ಪನನ್ನು ಕೇಳುವುದು ಆಗದ ಮಾತು. ಅವರ ಬಾಯಿಂದ ಹೊಗಳಿಕೆ ಹೊರಡುವ ಸನ್ನಿವೇಶ ಲೋಕದಲ್ಲಿ ಒಂದೇ ಇತ್ತು, ಅದು ಕ್ರಿಕೆಟ್. ಟಿವಿಯ ಮುಂದೆ ಕೂತರೆ ಆ ತಕ್ಕಡಿ ಯಾವ ಮೂಲೆಗೆ ಹೋಗುತ್ತಿತ್ತೋ, ಮನುಷ್ಯ ಬೇರೆಯೇ ಆಗಿಬಿಡುತ್ತಿದ್ದರು. ಹಾಗಾಗಿ ಮುಂದಿನ ಮ್ಯಾಚಿನ ದಿನ ನಾನು ಫೋನಿನ ರೆಕಾರ್ಡರ್ ಶುರುಮಾಡಿ, ಅದನ್ನು ಟೀಪಾಯಿಯ ಮೇಲಿನ ಹಳೆಯ ಪೇಪರಿನ ಕೆಳಗೆ ತೂರಿಸಿ, ಏನೂ ಅರಿಯದವನಂತೆ ಪಕ್ಕದಲ್ಲಿ ಕೂತೆ. ದೊಡ್ಡಮ್ಮ ಒಂದು ತಟ್ಟೆ ಕೋಡುಬಳೆ ತಂದಿಟ್ಟಳು. ಕೋಡುಬಳೆಯ ಕರುಂ ಕುರುಂ ನಡುವೆ ಒಂದು ಮಾತೂ ಸ್ವಚ್ಛವಾಗಿ ಸಿಗುವಂತಿರಲಿಲ್ಲ. ನಾನು ಕಣ್ಣಲ್ಲೇ ಸನ್ನೆ ಮಾಡಿದೆ. ಅವಳು ಬಂದು ದೊಡ್ಡಪ್ಪನ ಕೈಯಡಿಯಿಂದಲೇ ತಟ್ಟೆ ಎತ್ತಿಕೊಂಡು ಹೋದಳು.

"ಯಾಕೆ ತಗೊಂಡೆ?"

"ಮೆತ್ತಗಾಗಿದೆ. ಬೇಡ."

ಗರಿಗರಿಯಾದ ಕೋಡುಬಳೆಯನ್ನು ಮೆತ್ತಗಾಗಿದೆ ಎಂದು ಒಪ್ಪಿಕೊಂಡಳಲ್ಲ, ಆಗ ನನಗೆ ಈ ವಿಷಯ ಅವಳಿಗೆ ಬರೀ ತಮಾಷೆಯಲ್ಲ ಎಂದು ಹೊಳೆಯಿತು.

ಒಳ್ಳೆಯ ಫಸಲು ಸಿಕ್ಕಿತು. ಆ ವಾರದಿಂದ ಮೂರು ಬದನೆಕಾಯಿ ಸೇರಿದರೆ ದೊಡ್ಡಪ್ಪ "ಭಲೇ!" ಎನ್ನುತ್ತಿದ್ದರು. ಐದು ಸೇರಿದರೆ, "ಆಹಾ, ಏನು ಹೊಡೆದೆ ಕಂದಾ!" ಸೋತರೆ, "ಅಯ್ಯೋ ಕತ್ತೆ, ಅದಕ್ಕೆ ಯಾಕೆ ಹೋದೆ!" ಮೊದಲ ಸಲ ಕಂದಾ ಎಂದು ಕೇಳಿದಾಗ ದೊಡ್ಡಮ್ಮ ಫೋನನ್ನು ಮಡಿಲಲ್ಲಿ ಬೋರಲು ಹಾಕಿ, ಸೆರಗಿನಿಂದ ಬಾಯಿ ಮುಚ್ಚಿಕೊಂಡು, ಉಸಿರು ಕಟ್ಟುವವರೆಗೂ ನಕ್ಕಳು. ನಗು ನಿಂತಮೇಲೆ ಕಣ್ಣು ಒರೆಸಿಕೊಂಡು, "ಇನ್ನೊಂದ್ಸಲ ಬರ್ಲಿ, ತಾಳು," ಎಂದಳು.

ಕೆಲವು ವಾರ ಇದು ನಮ್ಮಿಬ್ಬರ ಗುಟ್ಟಾಗಿತ್ತು. ದೊಡ್ಡಪ್ಪ ವಾಕಿಂಗ್ ಹೋದಾಗ ಮಾತ್ರ ದನಿ ಏರಿಸಿ ಆಡುತ್ತಿದ್ದಳು. ಒಂದು ಭಾನುವಾರ ಅವರು ಬೇಗ ಹಿಂತಿರುಗಿದರು. ಕೈಯಲ್ಲಿ ದಂಟಿನ ಸೊಪ್ಪು. ಬಾಗಿಲಲ್ಲಿ ಚಪ್ಪಲಿ ಬಿಡುತ್ತಿದ್ದಾಗ ಒಳಗಿನಿಂದ ಅವರದೇ ದನಿ ಅವರನ್ನು ಎದುರುಗೊಂಡಿತು. "ಆಹಾ, ಏನು ಹೊಡೆದೆ ಕಂದಾ!" ದೊಡ್ಡಪ್ಪ ಒಂದು ಚಪ್ಪಲಿಯಲ್ಲೇ ನಿಂತರು. ಟಿವಿ ನೋಡಿದರು, ಆರಿತ್ತು. ನನ್ನನ್ನು ನೋಡಿದರು. ನಾನು ಚಾವಣಿ ನೋಡಿದೆ. ಗಾಬರಿಯಲ್ಲಿ ದೊಡ್ಡಮ್ಮನ ಬೆರಳು ಎಲ್ಲೋ ಬಿದ್ದು ಆಟವೂ ಸೋತುಹೋಯಿತು. "ಅಯ್ಯೋ ಕತ್ತೆ, ಅದಕ್ಕೆ ಯಾಕೆ ಹೋದೆ!"

"ಯಾರದು?" ಎಂದರು ದೊಡ್ಡಪ್ಪ.

"ನೀವೇ," ಎಂದಳು ದೊಡ್ಡಮ್ಮ.

ಆ ದಿನದ ಊಟದಲ್ಲಿ ಹ್ಞೂಂ ಕೂಡ ಇರಲಿಲ್ಲ. ನಾನು ಮೆಲ್ಲಗೆ ಹೊರಟೆ. ಎಂದೂ ಯಾರನ್ನೂ ಗೇಟಿನವರೆಗೆ ಕಳಿಸಲು ಬಾರದ ದೊಡ್ಡಪ್ಪ ಅಂದು ನನ್ನ ಹಿಂದೆಯೇ ಬಂದು ಸ್ಕೂಟರಿನ ಪಕ್ಕ ನಿಂತರು. ಬೈಗುಳಕ್ಕೆ ಸಿದ್ಧನಾಗಿ ಹೆಲ್ಮೆಟ್ ಹಾಕಿಕೊಂಡೆ.

"ಅದು ಸೋತಾಗ ಕತ್ತೆ ಅನ್ನುತ್ತಲ್ಲ."

"ಹೌದು, ದೊಡ್ಡಪ್ಪ."

"ಅದು ನಾನು ಆ ಬ್ಯಾಟ್ಸ್‌ಮನ್‌ಗೆ ಅಂದಿದ್ದು."

"ಗೊತ್ತು. ದೊಡ್ಡಮ್ಮಂಗೂ ಗೊತ್ತು."

"ಗೊತ್ತಿದ್ರೂ ದಿನಾ ಕಿವಿಗೆ ಬೀಳುತ್ತಲ್ಲ." ಗೇಟಿನ ಚಿಲಕವನ್ನು ಮೇಲೆ ಕೆಳಗೆ ಆಡಿಸಿದರು. "ತೆಗೆದುಬಿಡು ಅದನ್ನ."

"ತೆಗೆದ್ರೆ ಆ ಜಾಗಕ್ಕೆ ಬೇರೆ ಏನಾದ್ರೂ ನೀವೇ ಹೇಳ್ಬೇಕಾಗುತ್ತೆ."

ದೊಡ್ಡಪ್ಪನ ಒಳಗೆ ತಕ್ಕಡಿ ಆಡುವುದು ನನಗೆ ಕಾಣುತ್ತಿತ್ತು. "ಮುಂದಿನ ವಾರ ಬಾ," ಎಂದರು.

ಮುಂದಿನ ವಾರ ನನ್ನನ್ನು ಮನೆಯೊಳಗೆ ಬಿಡದೆ ನೇರ ಪಾರ್ಕಿಗೆ ಕರೆದೊಯ್ದರು. ನಗೆಕೂಟದವರು ಒಂದು ಮೂಲೆಯಲ್ಲಿ ಕೈಯೆತ್ತಿ ಹಾ ಹಾ ಎನ್ನುತ್ತಿದ್ದರು. ಅವರಿಂದ ದೂರದ ಕಲ್ಲು ಬೆಂಚಿನ ಮೇಲೆ ಕೂತು, ಫೋನನ್ನು ಇನ್ನೇನು ಕಚ್ಚುತ್ತದೆಯೋ ಎಂಬಂತೆ ಹಿಡಿದು, ಗಂಟಲು ಸರಿಮಾಡಿಕೊಂಡು ಹೇಳಿದರು:

"ಹೋಗ್ಲಿ ಬಿಡು, ಸರೋಜಾ."

ಅಷ್ಟೇ. ನಾನು ತಲೆ ಎತ್ತಲಿಲ್ಲ. ದೊಡ್ಡಮ್ಮನ ಹೆಸರು ಸರೋಜಾ ಎಂದು ಮದುವೆ ಕರೆಯೋಲೆಗಳಲ್ಲಿ ಓದಿ ಗೊತ್ತಿತ್ತು. ದೊಡ್ಡಪ್ಪನ ಬಾಯಲ್ಲಿ ಕೇಳಿದ್ದು ಅದೇ ಮೊದಲು.

ಅದನ್ನು ಆಟದೊಳಗೆ ಹಾಕಿ, ದೊಡ್ಡಮ್ಮನಿಗೆ ಏನೂ ಹೇಳದೆ ಬಂದುಬಿಟ್ಟೆ. ಅವಳೂ ನನಗೇನೂ ಹೇಳಲಿಲ್ಲ. ಆದರೆ ವಾರದಿಂದ ವಾರಕ್ಕೆ ಒಂದು ವಿಚಿತ್ರ ಕಂಡಿತು. ಅಷ್ಟು ದಿನ ಮಟ್ಟದ ಮೇಲೆ ಮಟ್ಟ ಏರುತ್ತ ಹೋಗಿದ್ದವಳು ಒಂದೇ ಕಡೆ ನಿಂತುಬಿಟ್ಟಿದ್ದಳು. ನನ್ನ ವೃತ್ತಿಬುದ್ಧಿ ಜಾಗೃತವಾಯಿತು. ಎಲ್ಲೋ ನಾನೇ ತಪ್ಪು ಮಾಡಿ ಆಟ ಸಿಕ್ಕಿಹಾಕಿಕೊಂಡಿದೆ ಎಂದುಕೊಂಡು ಹಿಂದೆ ನಿಂತು ಇಣುಕಿದೆ. ಮೂರು ಬದನೆಕಾಯಿ ಸೇರಿಸಲು ಒಂದೇ ತಳ್ಳು ಸಾಕಿತ್ತು, ಉಳಿದಿದ್ದದ್ದೂ ಒಂದೇ. ದೊಡ್ಡಮ್ಮನ ಬೆರಳು ಅದರ ಮೇಲೆ ಹೋಯಿತು, ಒಂದು ಗಳಿಗೆ ನಿಂತಿತು, ಆಮೇಲೆ ಯಾವುದೋ ನುಗ್ಗೆಕಾಯಿಯನ್ನು ಸುಮ್ಮನೆ ಆಚೆಗೆ ತಳ್ಳಿತು. ಆಟ ಸೋತಿತು.

"ಹೋಗ್ಲಿ ಬಿಡು, ಸರೋಜಾ."

"ದೊಡ್ಡಮ್ಮ, ಬದನೆಕಾಯಿ ಅಲ್ಲೇ ಇತ್ತಲ್ಲ!"

"ನಂಗೇನು ಕಣ್ಣಿಲ್ವಾ?" ಎಂದಳು ತಿರುಗದೆ. "ಸುಮ್ನಿರು."

ಹಜಾರದಲ್ಲಿ ಪೇಪರು ಮುಖಕ್ಕೆ ಅಡ್ಡ ಹಿಡಿದಿದ್ದ ದೊಡ್ಡಪ್ಪ ಪುಟ ತಿರುಗಿಸಲಿಲ್ಲ.

ಆಮೇಲೆ ನನಗೆ ಬೇರೆ ಕೆಲಸ ಸಿಕ್ಕಿತು, ಮದುವೆಯಾಯಿತು, ಜೆ.ಪಿ. ನಗರಕ್ಕೆ ಮನೆ ಬದಲಾಯಿತು. ಭಾನುವಾರಗಳು ತಿಂಗಳಿಗೊಮ್ಮೆ ಆದವು, ಆಮೇಲೆ ಹಬ್ಬಕ್ಕೊಮ್ಮೆ. ವಾರವಾರ ಹೋಗಲಾಗದೆಂದು ದುಡ್ಡು ಕಟ್ಟಿ, ವರ್ಷ ಬಾಳುವ ರುಜು ಹಾಕಿಕೊಟ್ಟಿದ್ದೆ. ಮೆಟ್ರೋದಲ್ಲಿ ನಕ್ಕ ಸಂಜೆ ಮನೆಗೆ ಬಂದವನೇ ದೊಡ್ಡಮ್ಮನಿಗೆ ಫೋನ್ ಮಾಡಿದೆ.

"ಆಟ ಆಡ್ತಿದ್ದೀಯಾ?"

"ಇಲ್ವೋ. ವೀಣ ಹೊಸ ಫೋನ್ ತಂದ್ಕೊಟ್ಳಲ್ಲ. ಹಳೇದು ಆನ್ ಆಗೋದೇ ಇಲ್ಲ, ಆಟಾನೂ ಅದ್ರ ಜೊತೆಗೇ ಹೋಯ್ತು." ಫೋನಿಡುವ ಮುಂಚೆ, "ಹೊಸದ್ರಲ್ಲಿ ಮತ್ತೆ ಅದೇ ಸ್ಟ್ರಾಬೆರಿ," ಎಂದಳು.

ಎರಡು ದಿನ ಬಿಟ್ಟು, ಶನಿವಾರ ಬೆಳಿಗ್ಗೆ, ಬಾಗಿಲು ತೆಗೆದರೆ ದೊಡ್ಡಪ್ಪ. ಬಸ್ಸಿನಲ್ಲಿ ಬಂದಿದ್ದರು. ಅಂಗಿಯ ಜೇಬಿನಲ್ಲಿ ದೊಡ್ಡಮ್ಮನ ಹೊಸ ಫೋನು, ಮೇಲೆ ಕರವಸ್ತ್ರದ ಹೊದಿಕೆ.

"ಅವಳಿಗೆ ಗೊತ್ತಿಲ್ಲ. ರಿಪೇರಿಗೆ ಅಂತ ತಂದಿದ್ದೀನಿ. ಇದಕ್ಕೂ ಆಗುತ್ತಲ್ಲ, ಬೀಗ ಮುರೀದೆ?"

"ಆಗುತ್ತೆ. ನಿಮ್ಮ ದನಿ ಮಾತ್ರ ಮತ್ತೆ ಬೇಕು. ಹಳೇದೆಲ್ಲ ನನ್ನ ಹತ್ರ ಉಳಿದಿಲ್ಲ."

"ಅದಕ್ಕೇ ಬಂದಿದ್ದು." ಒಳಕೋಣೆಗೆ ಹೋದರು. ತಾವೇ ಫ್ಯಾನು ಆರಿಸಿದರು. "ನೀನು ಸ್ವಲ್ಪ ಆಚೆ ಇರು."

ನಾನು ಬಾಲ್ಕನಿಯಲ್ಲಿ ನಿಂತೆ. ಹೆಂಡತಿ ಕಾಫಿ ತಂದಳು, ಕುಡಿದೆ. ಗಿಡಕ್ಕೆ ನೀರು ಹಾಕಿದೆ. ಬಾಗಿಲಿನ ಹಿಂದೆ ದೊಡ್ಡಪ್ಪನ ದನಿ ಹೊರಡುತ್ತಿತ್ತು, ನಿಲ್ಲುತ್ತಿತ್ತು, ಮತ್ತೆ ಹೊರಡುತ್ತಿತ್ತು. ದೊಡ್ಡಪ್ಪನಿಗಿಟ್ಟ ಕಾಫಿ ಆರಿ, ಹೆಂಡತಿ ಅದನ್ನು ಮತ್ತೆ ಬಿಸಿ ಮಾಡುವ ಹೊತ್ತಿಗೆ ಅವರು ಬೆವರೊರೆಸಿಕೊಳ್ಳುತ್ತ ಹೊರಬಂದರು.

"ಉದ್ದ ಆಯ್ತೇನೋ. ಆಟದೊಳಗೆ ಹಿಡಿಯುತ್ತಾ?"

ಸೋತಾಗಿನ ಸದ್ದಿಗೆ ಆಟದಲ್ಲಿರುವುದು ಕಣ್ಣು ಮಿಟುಕಿಸುವಷ್ಟು ಹೊತ್ತಿನ ಜಾಗ. "ಹಿಡಿಸ್ತೀನಿ ದೊಡ್ಡಪ್ಪ," ಎಂದೆ.

ಅವರನ್ನು ಬಸ್ಸು ಹತ್ತಿಸಿ ಬಂದು ಲ್ಯಾಪ್‌ಟಾಪಿನ ಮುಂದೆ ಕೂತಿದ್ದೇನೆ. ಪೂರ್ತಿ ಕೇಳಬಾರದು ಎಂದುಕೊಂಡಿದ್ದೆ. ಕತ್ತರಿಸಬೇಕಾದರೆ ಕೇಳದೆ ವಿಧಿಯಿಲ್ಲ ಎಂಬ ನೆಪವೂ ಸಿಕ್ಕಿತು. ಮದುವೆಯ ಹೊಸತರಲ್ಲಿ ಸಿದ್ದಾಪುರದ ಬಾಡಿಗೆ ಮನೆಯಲ್ಲಿ ಮಾಡಿದ ಹುಳಿಯಿಂದ ಶುರುವಾಗುತ್ತದೆ. ಉಳಿದದ್ದನ್ನು ನಿಮಗೆ ಹೇಳುವುದಿಲ್ಲ. ಅದು ನಿಮಗೂ ಅಲ್ಲ, ನನಗೂ ಅಲ್ಲ. ಒಂದೊಂದೇ ಮಾತನ್ನು ಬಿಡಿಸಿ, ಸೋತಾಗಲೆಲ್ಲ ಒಂದೊಂದು ಬರುವಂತೆ ಸಾಲಾಗಿ ಕೂರಿಸುತ್ತಿದ್ದೇನೆ. ಇಷ್ಟನ್ನೂ ಕೇಳಿ ಮುಗಿಸುವವರೆಗೆ ದೊಡ್ಡಮ್ಮ ಗೆಲ್ಲುವ ಯೋಚನೆ ಮಾಡುವುದಿಲ್ಲ.